ಆ ದೃಶ್ಯ ಬರುವ ಮೊದಲು ಒಂದು ಮಾತು ಹೇಳಬಾರದಾ?

ಓದುಗರ ಪ್ರಶ್ನೆ, ಅಕ್ಕನ ಉತ್ತರ

ಪ್ರಶ್ನೆ: ಅಕ್ಕಾ, ನಮಸ್ಕಾರ. ನಾಲ್ಕು ವರ್ಷದ ಹಿಂದೆ ಆಟಿ ತಿಂಗಳ ಮಳೆಗೆ ನನ್ನ ತಮ್ಮ ಹೊಳೆಪಾಲಾದ. ಸಿಕ್ಕಿದ್ದು ಎರಡು ದಿನ ಬಿಟ್ಟು. ಈಗ ನಾನು ಸರಿಯಾಗಿಯೇ ಇದ್ದೇನೆ, ಕೆಲಸಕ್ಕೆ ಹೋಗುತ್ತೇನೆ, ನಗುತ್ತೇನೆ. ಮೊನ್ನೆ ಅತ್ತೆಯ ಜೊತೆ ಕೂತು ಧಾರಾವಾಹಿ ನೋಡುವಾಗ ಏಕಾಏಕಿ ಒಬ್ಬ ಹುಡುಗ ನೀರಿನಲ್ಲಿ ಮುಳುಗುವ ದೃಶ್ಯ ಬಂತು. ಮೂರು ದಿನ ಅದನ್ನೇ ಎಳೆದರು. ನನ್ನ ಕೈಕಾಲು ತಣ್ಣಗಾಯಿತು, ಎದ್ದು ಹೋಗಲೂ ಆಗಲಿಲ್ಲ. 'ಅದು ಸೀರಿಯಲ್ ಅಲ್ವಾ' ಅಂತಾರೆ ಮನೆಯವರು. ಮೊದಲೇ ಒಂದು ಸಾಲು ಹಾಕಿದ್ದರೆ ಅಡುಗೆ ಮನೆಗೆ ಹೋಗುತ್ತಿದ್ದೆ. ನಾನು ಕೇಳುವುದು ಜಾಸ್ತಿಯಾಯಿತಾ?
ಹೆಸರು ಬೇಡ, ಬದಿಯಡ್ಕ

ಉತ್ತರ: ಜಾಸ್ತಿ ಆಗಲಿಲ್ಲ ತಂಗೀ. ನಮ್ಮ ಕಡೆ ಸಾವಿನ ಸುದ್ದಿಯನ್ನು ಫೋನಿನಲ್ಲಿ ಹೇಗೆ ಹೇಳುತ್ತಾರೆ, ನೆನಪು ಮಾಡಿಕೋ. 'ಮಾವನಿಗೆ ಸ್ವಲ್ಪ ಜೋರುಂಟು, ಕೂಡಲೇ ಹೊರಡು' ಅಂತಾರೆ. ಕೇಳುವವರಿಗೆ ಅಲ್ಲೇ ಅರ್ಧ ಗೊತ್ತಾಗುತ್ತದೆ, ಬಸ್ಸಿನಲ್ಲಿ ಕೂತು ಬರುವಾಗ ಮನಸ್ಸು ತಯಾರಾಗುತ್ತದೆ. ಸುದ್ದಿ ಮುಚ್ಚಿಡುವುದಕ್ಕೆ ಹಾಗೆ ಹೇಳುವುದಲ್ಲ, ಎದುರಿನವರಿಗೆ ಒಂದು ಉಸಿರು ಬಿಡುವಷ್ಟು ಜಾಗ ಕೊಡುವುದಕ್ಕೆ. ಟಿವಿಯವರ ಹತ್ತಿರ ನೀನು ಕೇಳುತ್ತಿರುವುದೂ ಅಷ್ಟೇ.

ಈಗ ಏನು ವ್ಯವಸ್ಥೆ ಇದೆ ಅಂದರೆ, ಸಿನಿಮಾಕ್ಕೆ ಸೆನ್ಸಾರ್ ಸರ್ಟಿಫಿಕೇಟ್ ಉಂಟು. 2023ರ ಕಾಯ್ದೆ ತಿದ್ದುಪಡಿಯಲ್ಲಿ ಯುಎ, ಅಂದರೆ ಮಕ್ಕಳು ದೊಡ್ಡವರ ಮಾರ್ಗದರ್ಶನದಲ್ಲಿ ನೋಡಬಹುದು ಅನ್ನುವುದನ್ನು 7, 13, 16 ವರ್ಷ ಅಂತ ಮೂರಾಗಿ ಒಡೆದರು. ಒಟಿಟಿಗೆ 2021ರ ಐಟಿ ನಿಯಮಗಳಿವೆ. ಅದರಲ್ಲಿ ವಯಸ್ಸಿನ ಗುರುತಿನ ಜೊತೆಗೆ ಹಿಂಸೆ, ಬೈಗುಳ, ಮಾದಕ ವಸ್ತು ಹೀಗೆ ಒಳಗೆ ಏನಿದೆ ಅಂತ ಶುರುವಿನಲ್ಲೇ ತೋರಿಸಬೇಕು. ಟಿವಿ ಧಾರಾವಾಹಿಯ ವಿಷಯದಲ್ಲಿ ಏನು ತೋರಿಸಬಾರದು ಅಂತ ಹೇಳುವ ಕಾರ್ಯಕ್ರಮ ಸಂಹಿತೆ ಅಂತ ಒಂದಿದೆ, ಮತ್ತೆ ವಾಹಿನಿಗಳೇ 2011ರಲ್ಲಿ ಮಾಡಿಕೊಂಡ ಬಿಸಿಸಿಸಿ ಎಂಬ ದೂರು ಮಂಡಳಿ ಇದೆ. ಆದರೆ ದೂರು ಕೊಡುವುದು ನೋಡಿ ಆದ ಮೇಲೆ. ಅಷ್ಟು ಹೊತ್ತಿಗೆ ನಿನ್ನ ಕೈಕಾಲು ತಣ್ಣಗಾಗಿ ಆಗಿದೆ.

ನನಗೆ ಬೇಸರ ಆಗುವುದು ಇನ್ನೊಂದಕ್ಕೆ. ಈ ಲೆಕ್ಕವೆಲ್ಲ ಹೆಚ್ಚಾಗಿ ವಯಸ್ಸಿನದ್ದು. ನಿನಗೆ ವಯಸ್ಸು ಸಾಲದೆ ಹೆದರಿಕೆ ಆದದ್ದಲ್ಲವಲ್ಲ! ಬೀಡಿ ಸೇದುವ ದೃಶ್ಯ ಬಂದರೆ ಪರದೆಯ ಕೆಳಗೆ ಆ ಕ್ಷಣಕ್ಕೆ ಸರಿಯಾಗಿ ಸಾಲು ಮೂಡುತ್ತದೆ, 2012ರಿಂದ ಸಿನಿಮಾದಲ್ಲಿ ನೋಡುತ್ತಾ ಬಂದಿದ್ದೇವೆ. 'ಈ ಕಂತಿನಲ್ಲಿ ನೀರಿನಲ್ಲಿ ಮುಳುಗುವ ದೃಶ್ಯವಿದೆ' ಅಂತ ಒಂದು ಸಾಲು ಹಾಕುವುದಕ್ಕೆ ಎಷ್ಟು ಖರ್ಚು ಬರುತ್ತದೆ ಹೇಳು?

ಒಂದು ವಿಷಯ ಮಾತ್ರ ನಿನ್ನಿಂದ ಮುಚ್ಚಿಡುವುದಿಲ್ಲ. ಇಂಥ ಎಚ್ಚರಿಕೆಗಳ ಬಗ್ಗೆ ನಡೆದ 12 ಅಧ್ಯಯನಗಳನ್ನು ಮೂವರು ಸಂಶೋಧಕರು ಒಟ್ಟಿಗೆ ಇಟ್ಟು ನೋಡಿ 2023ರಲ್ಲಿ ಪ್ರಕಟಿಸಿದರು. ಎಚ್ಚರಿಕೆ ಓದಿದ್ದರಿಂದ ಸಂಕಟವೇನೂ ಕಡಿಮೆ ಆಗಲಿಲ್ಲ, ನೋಡುವ ಮೊದಲಿನ ಆತಂಕ ಸ್ವಲ್ಪ ಏರಿತು ಅಂತ ಕಂಡಿತು. ಹಾಗಾಗಿ ಆ ಸಾಲನ್ನು ಮದ್ದು ಅಂತ ನಂಬಬೇಡ. ನನ್ನ ಮಟ್ಟಿಗೆ ಅದು ಬರೀ ಮಾಹಿತಿ, ಆದರೆ ಬೇಕಾದ ಮಾಹಿತಿ. ಅಡುಗೆ ಮನೆಗೆ ಹೋಗುವುದೋ ಕೂತು ನೋಡುವುದೋ ಅಂತ ತೀರ್ಮಾನ ಮಾಡುವವಳು ನೀನಾಗಬೇಕು.

ಮತ್ತೆ, ಎಚ್ಚರಿಕೆ ಹಾಕಿದರೆ ಏನು ಬೇಕಾದರೂ ತೋರಿಸಬಹುದು ಅಂತಲೂ ಅಲ್ಲ. ನೆಟ್‌ಫ್ಲಿಕ್ಸ್‌ನಲ್ಲಿ 2017ರಲ್ಲಿ ಬಂದ 'ಥರ್ಟೀನ್ ರೀಸನ್ಸ್ ವೈ' ಸರಣಿಯಲ್ಲಿ ಒಬ್ಬ ಹುಡುಗಿಯ ಆತ್ಮಹತ್ಯೆಯನ್ನು ಬಿಡದೆ ತೋರಿಸಿದ್ದರು. ಎಚ್ಚರಿಕೆ ಇತ್ತು, ಗಲಾಟೆಯಾದ ಮೇಲೆ ಇನ್ನಷ್ಟು ಸೇರಿಸಿದರು, ಕೊನೆಗೆ 2019ರ ಜುಲೈಯಲ್ಲಿ ಆ ದೃಶ್ಯವನ್ನೇ ತೆಗೆದರು. ಆ ದೃಶ್ಯ ಇಲ್ಲದೆಯೂ ಕತೆ ನಿಂತಿತು. ನೀನು ನೋಡಿದ ಧಾರಾವಾಹಿಯಲ್ಲೂ ಹುಡುಗ ಮುಳುಗಿದ ಅಂತ ತಿಳಿಸಲು ಅರ್ಧ ನಿಮಿಷ ಸಾಕಿತ್ತು, ಮೂರು ದಿನ ಬೇಕಿರಲಿಲ್ಲ.

ಸದ್ಯಕ್ಕೆ ಮನೆಯಲ್ಲಿ ಯಾರಾದರೂ ಮರುದಿನದ ಪ್ರೋಮೋ ನೋಡಿ ನಿನಗೆ ಹೇಳಲಿ. ಅತ್ತೆಗೆ ಒಂದು ಸಲ ಕೂರಿಸಿ ಹೇಳು, ಅವರಿಗೂ ನಿನ್ನ ತಮ್ಮ ಗೊತ್ತಿದ್ದ ಹುಡುಗ ಅಲ್ವಾ. ದೃಶ್ಯ ಬಂದೇಬಿಟ್ಟರೆ ಮೊದಲು ಸೌಂಡ್ ತೆಗೆ, ಎಷ್ಟೋ ಸಲ ಕಣ್ಣಿಗಿಂತ ಜಾಸ್ತಿ ಹಿಂಸೆ ಕೊಡುವುದು ಆ ಸದ್ದು. ಇಷ್ಟಾದರೂ ನಿದ್ದೆ ಬಾರದಿದ್ದರೆ, ನೀರಿನ ಸದ್ದಿಗೇ ಎದೆ ಹೊಡೆದುಕೊಳ್ಳುತ್ತಿದ್ದರೆ, ಸುಮ್ನೆ ಸಹಿಸಬೇಡ, ಡಾಕ್ಟರಿಗೆ ತೋರಿಸು. 14416ಕ್ಕೆ ಫೋನ್ ಮಾಡಬಹುದು. ಅದು ಸರಕಾರದ ಟೆಲಿ ಮಾನಸ್, ಹಗಲು ರಾತ್ರಿ ಇರುತ್ತದೆ, ದುಡ್ಡಿಲ್ಲ.

ಪ್ರಶ್ನೆ: ಈಗಿನವರು ಎಲ್ಲದಕ್ಕೂ ನಾಜೂಕು. ನಾವು ಸಣ್ಣವರಿದ್ದಾಗ ರಾತ್ರಿಯಿಡೀ ಯಕ್ಷಗಾನ ಆಟ ನೋಡಿ, ಕೀಚಕನ ವಧೆ, ದುಶ್ಶಾಸನನ ವಧೆ ಎಲ್ಲ ಕಂಡವರು. ಯಾರು ಎಚ್ಚರಿಕೆ ಕೊಟ್ಟಿದ್ದರು?
ನಿವೃತ್ತ ಅಧ್ಯಾಪಕ, ಕುಂಬಳೆ

ಉತ್ತರ: ಕೊಟ್ಟಿದ್ದರು ಮಾಸ್ಟ್ರೇ. ಇವತ್ತು ಯಾವ ಪ್ರಸಂಗ ಅಂತ ನೋಟೀಸಿನಲ್ಲೇ ಇರುತ್ತಿತ್ತು. ಕೀಚಕ ವಧೆ ಅಂತ ಓದಿದ ಮೇಲೆ ಕೀಚಕ ಸಾಯುತ್ತಾನೆ ಅಂತ ಯಾರಿಗೆ ಗೊತ್ತಿಲ್ಲ? ಭಾಗವತರ ಪದ ಏರುತ್ತದೆ, ಚೆಂಡೆ ಏರುತ್ತದೆ, ಚಾಪೆಯ ಮೇಲೆ ನಿದ್ದೆ ತೂಗುತ್ತಿದ್ದ ಮಕ್ಕಳನ್ನು ಎಬ್ಬಿಸುವವರು ಎಬ್ಬಿಸುತ್ತಿದ್ದರು, ಮಲಗಿರಲಿ ಅಂತ ಬಿಡುವವರು ಬಿಡುತ್ತಿದ್ದರು. ನಿಮ್ಮ ಕುಂಬಳೆಯ ಪಾರ್ತಿಸುಬ್ಬ ಬರೆದ ರಾಮಾಯಣ ಪ್ರಸಂಗಗಳನ್ನು ನೋಡಲು ಹೋದವರಿಗೆ ಸೀತೆಯ ಗತಿ ಏನಾಗುತ್ತದೆ ಅಂತ ಗೊತ್ತಿದ್ದೇ ಅಳು ಬರುತ್ತಿತ್ತು. ಗೊತ್ತಿದ್ದರೆ ಕತೆ ಸಪ್ಪೆ ಆಗುತ್ತದೆ ಅನ್ನುವುದು ನಮ್ಮ ಊರಿನ ಅನುಭವವೇ ಅಲ್ಲ.

ಪ್ರಶ್ನೆ: ಅಕ್ಕಾ, ನಾನು ಕಾಲೇಜು ವಿದ್ಯಾರ್ಥಿನಿ. ಎಂಡೋಸಲ್ಫಾನ್ ಕೀಟನಾಶಕದಿಂದ ಬಳಲಿ ತೀರಿಹೋದ ಮಗುವಿನ ಬಗ್ಗೆ ಕತೆ ಬರೆಯುತ್ತಿದ್ದೇನೆ. ನಮ್ಮ ನೆರೆಮನೆಯಲ್ಲೇ ನೋಡಿದ್ದು. ಎಷ್ಟು ಬರೆಯಬೇಕು, ಎಲ್ಲಿ ನಿಲ್ಲಿಸಬೇಕು ಗೊತ್ತಾಗುವುದಿಲ್ಲ. ಮೇಲೆ ಎಚ್ಚರಿಕೆ ಹಾಕಬೇಕಾ?
ಪೆರ್ಲ

ಉತ್ತರ: ಈ ಪ್ರಶ್ನೆ ನಿನ್ನ ಊರಿನಿಂದಲೇ ಬಂದದ್ದು ನನಗೆ ದೊಡ್ಡದು. ನಮ್ಮ ಕಾಸರಗೋಡಿನ ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಿಂದ ಆ ವಿಷ ಸುರಿದದ್ದು 1970ರ ದಶಕದ ಕೊನೆಯಿಂದ 2000ದ ತನಕ. 2011ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಇಡೀ ದೇಶದಲ್ಲಿ ಅದನ್ನು ತಡೆಯಿತು, 2017ರಲ್ಲಿ ಸಂತ್ರಸ್ತರಿಗೆ ತಲಾ 5 ಲಕ್ಷ ಕೊಡಿ ಅಂತ ಕೇರಳ ಸರಕಾರಕ್ಕೆ ಹೇಳಿತು. ಅಲ್ಲಿಯವರೆಗೆ ಬರಲು ಫೋಟೋಗಳು, ವರದಿಗಳು ಬೇಕಾಗಿದ್ದವು. ನೋವು ತೋರಿಸಲೇಬಾರದು ಅಂತ ನಾನು ಯಾವತ್ತೂ ಹೇಳುವುದಿಲ್ಲ.

ಆದರೆ ಒಂದು ದಿನ ಎಣ್ಮಕಜೆಯ ಒಂದು ಮನೆಯಲ್ಲಿ ನಾನೂ ಇದ್ದೆ. ಫೋಟೋದವರು ಬರುತ್ತಾರೆ ಅಂತ ಆ ತಾಯಿ ಬೆಳಿಗ್ಗೆಯೇ ಮಗಳಿಗೆ ಮೀಯಿಸಿ, ತಲೆ ಬಾಚಿ, ಪೌಡರ್ ಹಾಕಿ, ಕಪ್ಪು ಬೊಟ್ಟು ಇಟ್ಟಿದ್ದರು. ಹಬ್ಬದ ಫ್ರಾಕು ತೊಡಿಸಿದ್ದರು. ಬಂದವರು ನೋಡಿ, 'ಇದು ಬೇಡ, ದಿನಾ ಹೇಗಿರುತ್ತಾಳೋ ಹಾಗೆ ಇರಲಿ' ಅಂದರು. ತಾಯಿ ಒಂದು ಮಾತೂ ಆಡದೆ ಸೆರಗಿನ ತುದಿಯಿಂದ ಬೊಟ್ಟು ಒರೆಸಿದರು. ಪೂರ್ತಿ ಹೋಗಲಿಲ್ಲ, ಕೆನ್ನೆಯಲ್ಲಿ ಕಪ್ಪು ಹಾಗೇ ಉಳಿಯಿತು. ಆ ಮಗು ದಿನಾ ಬೊಟ್ಟು ಇಟ್ಟುಕೊಂಡೇ ಇರುತ್ತಿತ್ತು ಅಂತ ಕೇಳುವ ವ್ಯವಧಾನ ಅವರಿಗೆ ಇರಲಿಲ್ಲ.

ನಿನ್ನ ಕತೆಯಲ್ಲಿ ಆ ಬೊಟ್ಟು ಇರಲಿ. ಕಾಯಿಲೆ ಎಷ್ಟು ಭಯಂಕರ ಅಂತ ನಾಲ್ಕು ಪುಟ ಬರೆದರೆ ಓದುವವರು ಮಗುವನ್ನು ಮರೆತು ದೇಹವನ್ನಷ್ಟೇ ನೋಡುತ್ತಾರೆ. ಅದಕ್ಕೆ ಯಾವ ಹಾಡು ಇಷ್ಟ ಇತ್ತು, ಯಾರು ಬಂದರೆ ನಗುತ್ತಿತ್ತು, ಊಟ ಮಾಡಿಸಲು ಎಷ್ಟು ಹೊತ್ತು ಬೇಕಾಗುತ್ತಿತ್ತು ಅದನ್ನು ಬರೆ. ಸಾವಿಗೆ ಎರಡು ಸಾಲು ಸಾಕಾಗಬಹುದು, ನೀನೇ ನೋಡು. ಪ್ರಕಟಣೆಗೆ ಕಳಿಸುವ ಮೊದಲು ಆ ಮನೆಗೆ ಹೋಗಿ ತಾಯಿಗೆ ಓದಿ ಹೇಳು, ಅವರು ಬೇಡ ಅಂದದ್ದನ್ನು ತೆಗೆ.

ಎಚ್ಚರಿಕೆ ಹಾಕು. 'ಸೂಕ್ಷ್ಮ ಮನಸ್ಸಿನವರು ಓದಬೇಡಿ' ಅಂತ ಬೇಡ, ಅದರಿಂದ ಯಾರಿಗೂ ಏನೂ ಗೊತ್ತಾಗುವುದಿಲ್ಲ. 'ಈ ಕತೆಯಲ್ಲಿ ಒಂದು ಮಗುವಿನ ಸಾವು ಬರುತ್ತದೆ' ಅಂತ ಬರೆ. ಅದರ ಕೆಳಗೆ ಒಂದು ಸಾಲು ಖಾಲಿ ಬಿಟ್ಟು ಕತೆ ಶುರು ಮಾಡು.