ಕೋರ್ಟ್ ಫೀ ಕಡಿಮೆಯಾದರೆ ದಾವೆ ಬಿದ್ದುಹೋಗುತ್ತದಾ?

ಹೊಸನಗರ ತಾಲ್ಲೂಕಿನ ಓದುಗರೊಬ್ಬರ ಪತ್ರ: ‘ತಂದೆಯ ಅಡಿಕೆ ತೋಟ, ಶಿವಮೊಗ್ಗದ ಮನೆ ಎರಡರಲ್ಲೂ ಪಾಲು ಕೇಳಿ ದಾವೆ ಹಾಕಿದ್ದೇನೆ. ಕಟ್ಟಿದ ಶುಲ್ಕ 200 ರೂಪಾಯಿ. ನಾನು ಸ್ವಾಧೀನದಲ್ಲೇ ಇಲ್ಲ, ಮಾರುಕಟ್ಟೆ ಬೆಲೆಯ ಮೇಲೆ ಕಟ್ಟಬೇಕು ಅಂತ ಅಣ್ಣನ ತಕರಾರು. ಅಷ್ಟು ದುಡ್ಡು ನನ್ನ ಹತ್ತಿರ ಇಲ್ಲ. ಕೇಸು ಬಿದ್ದುಹೋಗುತ್ತದಾ?’

ಅಮ್ಮಾ, ಹಾಗೆ ಏಕಾಏಕಿ ಬೀಳುವುದಿಲ್ಲ. ಅಣ್ಣ ಹೇಳಿದ ಮಾತ್ರಕ್ಕೆ ಶುಲ್ಕ ಏರುವುದೂ ಇಲ್ಲ. ಶುಲ್ಕ ಎಷ್ಟೆಂದು ತೀರ್ಮಾನವಾಗುವುದು ನಿಮ್ಮ ವಾದಪತ್ರದಲ್ಲಿ, ಅಂದರೆ ದಾವೆ ಹಾಕುವಾಗ ಕೋರ್ಟಿಗೆ ಕೊಟ್ಟ ಬರಹದಲ್ಲಿ, ಏನಿದೆ ಎಂಬುದರ ಮೇಲೆ. ನಮ್ಮ ರಾಜ್ಯದ 1958ರ ನ್ಯಾಯಾಲಯ ಶುಲ್ಕ ಕಾಯ್ದೆಯ 35ನೇ ಕಲಂ ಪ್ರಕಾರ, ಜಂಟಿ ಸ್ವಾಧೀನದಲ್ಲಿರುವವರು ಪಾಲು ಕೇಳಿದರೆ ಹೆಚ್ಚೆಂದರೆ 200 ರೂಪಾಯಿ. ಸ್ವಾಧೀನದಿಂದ ಹೊರಬಿದ್ದವರಾದರೆ ತಮ್ಮ ಪಾಲಿನ ಮೌಲ್ಯದ ಮೇಲೆ ಕಟ್ಟಬೇಕು.

ನೀವು ಕಳಿಸಿದ ಪ್ರತಿಯಲ್ಲಿ ‘ಫಸಲಿನ ದುಡ್ಡಿನಲ್ಲಿ ಬಿಡಿಗಾಸೂ ಕೊಟ್ಟಿಲ್ಲ, ಮಂಡಿಯ ಪಟ್ಟಿಯೆಲ್ಲ ಅಣ್ಣನ ಹೆಸರಿಗೇ ಆಗುತ್ತದೆ’ ಎಂದಿದೆ. ಅಣ್ಣನ ಕಡೆಯವರು ಹಿಡಿದುಕೊಂಡಿರುವುದು ಇದನ್ನೇ. ಆದರೆ ಉತ್ಪನ್ನದಲ್ಲಿ ಪಾಲು ಕೊಡದಿದ್ದ ಮಾತ್ರಕ್ಕೆ ಸ್ವಾಧೀನ ತಪ್ಪಿದಂತಲ್ಲ, ಒಬ್ಬ ಪಾಲುದಾರನ ಸ್ವಾಧೀನ ಎಲ್ಲರ ಸ್ವಾಧೀನವೇ ಎಂದು ಸುಪ್ರೀಂ ಕೋರ್ಟ್ 1980ರ ನೀಲಾವತಿ ಪ್ರಕರಣದಲ್ಲಿ ಹೇಳಿಬಿಟ್ಟಿದೆ. ‘ನನ್ನನ್ನು ಹೊರಗೆ ಹಾಕಿದರು’ ಎಂದು ನೀವೇ ಸ್ಪಷ್ಟವಾಗಿ ಬರೆದಿದ್ದರೆ ಮಾತು ಬೇರೆ. ಆ ಒಂದು ಸಾಲಿನಿಂದ ಶುಲ್ಕವಷ್ಟೇ ಅಲ್ಲ, ಹೊರಗಿಟ್ಟದ್ದು ಗೊತ್ತಾದ ದಿನದಿಂದ ದಾವೆ ಹಾಕಲು ಇರುವ 12 ವರ್ಷದ ಕಾಲಮಿತಿಯ ಲೆಕ್ಕವೂ ಶುರುವಾಗುತ್ತದೆ. ಸಿಟ್ಟಿನಲ್ಲಿ ನೋಟಿಸು ಬರೆಸುವವರು ಇದನ್ನು ಮರೆಯುತ್ತಾರೆ.

ಒಂದು ವೇಳೆ ತೀರ್ಮಾನ ನಿಮ್ಮ ವಿರುದ್ಧವೇ ಹೋಯಿತೆನ್ನಿ. ಆಗಲೂ ತೋಟಕ್ಕೆ ಹೆದರಬೇಕಿಲ್ಲ. ಕಂದಾಯ ಕಟ್ಟುವ ಜಮೀನಿಗೆ ಕಾಯ್ದೆ ಹಿಡಿಯುವ ಬೆಲೆ ವಾರ್ಷಿಕ ಕಂದಾಯದ 25 ಪಟ್ಟು ಮಾತ್ರ. ಪಹಣಿಯಲ್ಲಿರುವ ಕಂದಾಯ ನೋಡಿ, ನಗು ಬರುವಷ್ಟು ಚಿಕ್ಕ ಮೊತ್ತ. ಭಾರ ಬೀಳುವುದು ಶಿವಮೊಗ್ಗದ ಮನೆಯ ಪಾಲಿಗೆ; ಅಲ್ಲಿ ಮಾರುಕಟ್ಟೆ ಬೆಲೆಯೇ ಲೆಕ್ಕ.

ಕೊರತೆ ಇದೆ ಎಂದಾದರೆ ನ್ಯಾಯಾಲಯ ಗಡುವು ಕೊಡುತ್ತದೆ. ಗಡುವಿನೊಳಗೆ ಕಟ್ಟಿದರೆ, ಸಿವಿಲ್ ಪ್ರಕ್ರಿಯಾ ಸಂಹಿತೆಯ 149ನೇ ಕಲಂನಂತೆ, ಮೊದಲ ದಿನವೇ ಕಟ್ಟಿದಂತೆ. ಸುಮ್ಮನಿದ್ದರೆ ಮಾತ್ರ ಆದೇಶ 7, ನಿಯಮ 11ರಡಿ ವಾದಪತ್ರ ತಿರಸ್ಕಾರವಾಗುತ್ತದೆ. ಆಮೇಲೆ ಹೊಸ ದಾವೆ ಹಾಕಲು ಅಡ್ಡಿಯಿಲ್ಲ, ಕಾಲಮಿತಿ ಮುಗಿದಿರಬಾರದು ಅಷ್ಟೆ. ಕೈಸಾಲದ ದಾವೆಗಳು ಸಾಯುವುದು ಇಲ್ಲೇ. ಅವಕ್ಕೆ ಇರುವುದು 3 ವರ್ಷ.

ಇನ್ನು ಅಣ್ಣನ ತಕರಾರು. ಶುಲ್ಕದ ಕಾಯ್ದೆ ಇರುವುದು ಸರ್ಕಾರದ ಆದಾಯಕ್ಕೆ, ಎದುರಾಳಿಯ ದಾವೆಯನ್ನು ಎಳೆದಾಡಿಸಲಿಕ್ಕಲ್ಲ ಎಂದು ಸುಪ್ರೀಂ ಕೋರ್ಟ್ 1961ರಲ್ಲೇ ಹೇಳಿದೆ. ಹೇಳಿ ಏನು, ಎಳೆದಾಟ ಇವತ್ತಿಗೂ ನಿಂತಿಲ್ಲ.

ದುಡ್ಡಿಲ್ಲವೆಂದು ಕೈಚೆಲ್ಲಬೇಡಿ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಲ್ಲಿ ಮಹಿಳೆಯರಿಗೆ ಆದಾಯ ನೋಡದೆಯೇ ನೆರವುಂಟು, ಅದರಲ್ಲಿ ಕೋರ್ಟ್ ಫೀಯೂ ಸೇರುತ್ತದೆ. ನಿಮ್ಮ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಅರ್ಜಿ ಕೊಡಿ. ಮುಂದಿನ ವಾಯಿದೆಗೆ ಮೊದಲು ಪಹಣಿ ತೆಗೆಸಿ ವಕೀಲರ ಕೈಗೆ ಕೊಟ್ಟು, ಮನೆಯ ಪಾಲಿಗೆ ಎಷ್ಟಾಗಬಹುದೆಂದು ಬರೆಸಿಕೊಳ್ಳಿ. ಲೋಕ ಅದಾಲತ್‌ನಲ್ಲಿ ಅಣ್ಣನೊಂದಿಗೆ ರಾಜಿಯಾದರೆ ಕಟ್ಟಿದ ಶುಲ್ಕ ವಾಪಸು ಬರುತ್ತದೆ, ರಸೀದಿ ಕಳೆಯಬೇಡಿ.