ಯುದ್ಧಗಾಯದ ಪಿಂಚಣಿ: ಮೊದಲು ತಿದ್ದಿಸಬೇಕಾದ ಕಾಗದ

ಜಾಲಹಳ್ಳಿಯ ಓದುಗರೊಬ್ಬರ ಪತ್ರ: ‘1999ರ ಆಪರೇಷನ್ ವಿಜಯ್ (ಕಾರ್ಗಿಲ್ ಯುದ್ಧ) ವೇಳೆ ದ್ರಾಸ್ ಕಡೆ ಮದ್ದುಗುಂಡು ಸಾಗಿಸುತ್ತಿದ್ದ ಗಾಡಿ ಶೆಲ್ ದಾಳಿಯ ನಡುವೆ ಮಗುಚಿ ತಂದೆಯವರ ಸೊಂಟಕ್ಕೆ ಪೆಟ್ಟಾಯಿತು. ಸೇವೆಯಲ್ಲಿ ಮುಂದುವರಿದು 2009ರಲ್ಲಿ ಲೆಫ್ಟಿನೆಂಟ್ ಕರ್ನಲ್ ಆಗಿ ನಿವೃತ್ತರಾದರು. ಶೇ. 40ರ ಸಾಮಾನ್ಯ ಅಂಗವೈಕಲ್ಯದ ಹಣವಷ್ಟೇ ಬರುತ್ತಿದೆ. ಯುದ್ಧಗಾಯದ ಪಿಂಚಣಿಯನ್ನು ಈಗ ಕೇಳಬಹುದೇ? ರ‍್ಯಾಂಕ್ ಪೇ (ಅಧಿಕಾರಿಯ ದರ್ಜೆಗೆ ಕೊಡುತ್ತಿದ್ದ ವೇತನದ ಭಾಗ) ಬಾಕಿಯನ್ನೂ ಜೊತೆಗೆ ಸೇರಿಸಬಹುದೇ?’

ಸಂಪಾದಕರ ಉತ್ತರ: ಕೇಳಬಹುದು, ಕೇಳಲೇಬೇಕು. ಆದರೆ ವಕೀಲರ ಬಳಿ ಓಡುವ ಮುನ್ನ ಬಿಡುಗಡೆಯ ವೇಳೆಯ ವೈದ್ಯಕೀಯ ಮಂಡಳಿ ಏನು ಬರೆದಿದೆ ನೋಡಿ. ರಕ್ಷಣಾ ಸಚಿವಾಲಯದ 31-1-2001ರ ಆದೇಶ ಅಂಗವೈಕಲ್ಯವನ್ನು ‘ಎ’ಯಿಂದ ‘ಇ’ವರೆಗೆ ಐದು ವರ್ಗ ಮಾಡಿದೆ. ಕರ್ತವ್ಯದ ಮೇಲಿನ ಅಪಘಾತ ‘ಸಿ’ಗೆ ಸೇರುತ್ತದೆ. ಶತ್ರು ದಾಳಿಯ ಗಾಯ, ಸರ್ಕಾರ ಅಧಿಸೂಚಿಸಿದ ಕಾರ್ಯಾಚರಣೆಯ ಗಾಯ ‘ಇ’ಗೆ. ಗಾಡಿ ಮಗುಚಿತು ಎಂದೊಡನೆ ‘ಸಿ’ ಎಂದು ಬರೆದುಬಿಡುವುದೇ ಹೆಚ್ಚಿನ ಅನ್ಯಾಯದ ಮೂಲ.

ಹಣದ ವ್ಯತ್ಯಾಸ ಸಣ್ಣದಲ್ಲ. ಸೇವೆ ಮುಗಿಸಿ ನಿವೃತ್ತರಾದವರಿಗೆ ಪೂರ್ಣ ಅಂಗವೈಕಲ್ಯಕ್ಕೆ ಸಾಮಾನ್ಯ ದರ ಕೊನೆಯ ವೇತನದ ಶೇ. 30, ಯುದ್ಧಗಾಯಕ್ಕೆ ಶೇ. 60. ಶೇ. 50ಕ್ಕಿಂತ ಕಡಿಮೆ ಅಂಗವೈಕಲ್ಯವನ್ನು 50 ಎಂದೇ ಎಣಿಸಬೇಕು. ಈ ಲಾಭ ನಿವೃತ್ತರಾದವರಿಗೂ ಸಲ್ಲುತ್ತದೆಂದು ರಾಮ್ ಅವತಾರ್ ಪ್ರಕರಣದಲ್ಲಿ (2014) ಸುಪ್ರೀಂ ಕೋರ್ಟ್ ಹೇಳಿದೆ. ಕೊನೆಯ ವೇತನ ₹60,000 ಎಂದಿಟ್ಟುಕೊಂಡರೆ ಈಗಿನಂತೆ 50ಕ್ಕೆ ಏರಿಸದ ಶೇ. 40ರ ಸಾಮಾನ್ಯ ದರದಲ್ಲಿ ತಿಂಗಳಿಗೆ ₹7,200, ಯುದ್ಧಗಾಯವಾದರೆ 50 ಎಂದು ಎಣಿಸಿ ₹18,000. ತುಟ್ಟಿಭತ್ಯೆ ಬೇರೆ.

ತಂದೆಯವರ ಹೆಸರಿನಲ್ಲೇ ಸೇನಾ ಪ್ರಧಾನ ಕಚೇರಿಗೆ ಹತ್ತು ರೂಪಾಯಿ ಶುಲ್ಕದ ಮಾಹಿತಿ ಹಕ್ಕು ಅರ್ಜಿ ಹಾಕಿ. ಇಂಜುರಿ ರಿಪೋರ್ಟ್, ಕೋರ್ಟ್ ಆಫ್ ಎಂಕ್ವೈರಿ (ಸೇನೆಯ ಆಂತರಿಕ ವಿಚಾರಣೆ) ನಡಾವಳಿ, ಬ್ಯಾಟಲ್ ಕ್ಯಾಶುಯಲ್ಟಿ (ಯುದ್ಧದಲ್ಲಿ ಗಾಯಗೊಂಡವರು) ಎಂದು ಪ್ರಕಟಿಸಿದ ಪಾರ್ಟ್ ಟು ಆರ್ಡರ್ (ಸಿಬ್ಬಂದಿಯ ಸೇವಾ ವಿವರ ದಾಖಲಿಸುವ ಸೇನಾ ಆದೇಶ), ವೈದ್ಯಕೀಯ ಮಂಡಳಿಯ ಪೂರ್ತಿ ವರದಿ ಕೇಳಿ. ಪಾರ್ಟ್ ಟು ಆರ್ಡರ್‌ನಲ್ಲಿ ‘ಫಿಸಿಕಲ್ ಕ್ಯಾಶುಯಲ್ಟಿ’ (ಯುದ್ಧಕ್ಕೆ ಸಂಬಂಧಿಸದ ಗಾಯ) ಎಂದಿದ್ದರೆ ಅದನ್ನು ತಿದ್ದಿಸುವ ಬೇಡಿಕೆಯೇ ಯುದ್ಧಗಾಯದ ಪಿಂಚಣಿ ಕೋರಿ ಬರೆಯುವ ಮನವಿಯ ಮೊದಲ ಸಾಲಾಗಲಿ. ಆ ದಿನ ಗಾಡಿ ಹೊರಟಿದ್ದು ಕಾರ್ಯಾಚರಣೆಯ ಆಜ್ಞೆಯ ಮೇರೆಗೆ ಎಂಬುದಕ್ಕೆ ಸಾಕ್ಷ್ಯ ಬೇಕು. ರಜೆಗೆ ಹೋಗುವಾಗ ಆದ ಅಪಘಾತವಾದರೆ ಈ ವಾದ ನಿಲ್ಲುವುದು ಕಷ್ಟ.

ಮನವಿಯನ್ನು ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಿ, ರಸೀದಿ ಜೋಪಾನ ಮಾಡಿ. ತಿರಸ್ಕರಿಸಿದರೆ, ಅಥವಾ ಆರು ತಿಂಗಳು ಉತ್ತರವೇ ಬಾರದಿದ್ದರೆ, ಸಶಸ್ತ್ರ ಪಡೆಗಳ ನ್ಯಾಯಮಂಡಳಿಗೆ ಹೋಗಬಹುದು. ಕರ್ನಾಟಕ ಕೊಚ್ಚಿ ಪೀಠದ ವ್ಯಾಪ್ತಿಗೆ ಬರುತ್ತದೆ. ನಿವೃತ್ತರು ತಾವು ವಾಸಿಸುವ ಊರಿನ ಆಧಾರದ ಮೇಲೆ ಅಲ್ಲಿ ಅರ್ಜಿ ಹಾಕಬಹುದು. ಪಿಂಚಣಿ ತಿಂಗಳು ತಿಂಗಳೂ ಕಡಿಮೆ ಬರುತ್ತಿರುವುದರಿಂದ ಹಕ್ಕು ಸತ್ತಿಲ್ಲ. ಆದರೂ ತರ್ಸೇಮ್ ಸಿಂಗ್ ತೀರ್ಪಿನಂತೆ (2008) ಬಾಕಿಯನ್ನು ಸಾಮಾನ್ಯವಾಗಿ ಅರ್ಜಿಗೆ ಹಿಂದಿನ ಮೂರು ವರ್ಷಕ್ಕಷ್ಟೇ ಕೊಡುತ್ತಾರೆ. ಹಾಗಾಗಿ ತಡಮಾಡಿದ ಪ್ರತಿ ತಿಂಗಳೂ ಒಂದು ತಿಂಗಳ ಬಾಕಿ ಕೈತಪ್ಪುತ್ತದೆ. ತಂದೆಯವರ ವಯಸ್ಸನ್ನು ನೆನೆದು ಇದನ್ನು ಒತ್ತಿ ಹೇಳುತ್ತಿದ್ದೇವೆ.

ರ‍್ಯಾಂಕ್ ಪೇ ಇದರೊಳಗೆ ಬೆರೆಸಬೇಡಿ. ಅದು ನಾಲ್ಕನೇ ವೇತನ ಆಯೋಗದಂತೆ 1-1-1986ರಿಂದ ವೇತನ ನಿಗದಿ ಮಾಡುವಾಗ ರ‍್ಯಾಂಕ್ ಪೇ ಮೊತ್ತವನ್ನು ಮೂಲವೇತನದಿಂದ ಕಳೆದದ್ದರ ವಿವಾದ. ಮೇಜರ್ ಧನಪಾಲನ್ ಕೇರಳ ಹೈಕೋರ್ಟಿನಲ್ಲಿ ಗೆದ್ದ ಪ್ರಕರಣದಿಂದ ಬೆಳೆದು 2012ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ತೀರ್ಮಾನವಾಯಿತು. ಅದಕ್ಕೂ ಯುದ್ಧಗಾಯಕ್ಕೂ ಸಂಬಂಧವಿಲ್ಲ. ತಂದೆಯವರು ಸೇನೆಗೆ ಸೇರಿದ ವರ್ಷ, ಹಳೆಯ ವೇತನ ಚೀಟಿ ಇಟ್ಟುಕೊಂಡು ಪುಣೆಯ ರಕ್ಷಣಾ ಲೆಕ್ಕಪತ್ರ ಕಚೇರಿಗೆ ಪ್ರತ್ಯೇಕವಾಗಿ ಬರೆಯಿರಿ.