ಓದುಗರ ಪ್ರಶ್ನೆ: ಅಶೋಕ್ ಕುಮಾರ್ ನಾಯಕನಟರಾದದ್ದು ಆಕಸ್ಮಿಕವೇ?

ಪ್ರಶ್ನೆ: ಹಿಂದಿ ಚಿತ್ರರಂಗದ ಅಶೋಕ್ ಕುಮಾರ್ ಅವರು ಮೊದಲು ಸ್ಟುಡಿಯೋದ ಲ್ಯಾಬೊರೇಟರಿಯಲ್ಲಿ ಕೆಲಸಕ್ಕಿದ್ದು, ಆಕಸ್ಮಿಕವಾಗಿ ನಾಯಕರಾದರಂತೆ. ಇದು ನಿಜವೇ? ನಿಜವಾದರೆ ಅಷ್ಟು ದೀರ್ಘಕಾಲ ಅವರು ಉಳಿದದ್ದು ಹೇಗೆ?
(ಓದುಗರೊಬ್ಬರು, ಹುಬ್ಬಳ್ಳಿ)

ಉತ್ತರ: ನಿಜ. 1911ರಲ್ಲಿ ಭಾಗಲ್ಪುರದಲ್ಲಿ ಹುಟ್ಟಿದ ಕುಮುದ್‌ಲಾಲ್ ಗಂಗೂಲಿಯವರು (ಅಶೋಕ್ ಕುಮಾರ್ ಅವರ ಮೂಲ ಹೆಸರು ಇದು) ತಮ್ಮ ಭಾವ ಶಶಧರ ಮುಖರ್ಜಿಯವರ ಮೂಲಕ ಬಾಂಬೆ ಟಾಕೀಸ್ ಸ್ಟುಡಿಯೋ ಸೇರಿದ್ದು ಲ್ಯಾಬೊರೇಟರಿಯ ಕೆಲಸಕ್ಕೇ. 1936ರ ‘ಜೀವನ್ ನೈಯಾ’ ಚಿತ್ರದ ನಾಯಕ ನಜ್ಮುಲ್ ಹಸನ್ ನಾಯಕಿ ದೇವಿಕಾ ರಾಣಿಯವರೊಡನೆ ಸ್ಟುಡಿಯೋ ತೊರೆದು ಹೋದರು. ದೇವಿಕಾ ರಾಣಿಯವರು ಮರಳಿ ಬಂದರು, ಹಸನ್ ಅವರಿಗೆ ಮಾತ್ರ ಸ್ಟುಡಿಯೋದ ಬಾಗಿಲು ಮುಚ್ಚಿತು. ತೆರವಾದ ಆ ಸ್ಥಾನಕ್ಕೆ ಸಂಸ್ಥೆಯ ಒಡೆಯ ಹಿಮಾಂಶು ರಾಯ್ ಅವರು ಆರಿಸಿದ್ದು ಈ ಯುವಕನನ್ನು. ಅದೇ ವರ್ಷ ಬಂದ ‘ಅಛೂತ್ ಕನ್ಯಾ’ ಅವರ ಹೆಸರನ್ನು ದೇಶಕ್ಕೆಲ್ಲ ಪರಿಚಯಿಸಿತು.

ಆದರೆ ಆಕಸ್ಮಿಕದಿಂದ ಸಿಗುವುದು ಮೊದಲ ಅವಕಾಶವಷ್ಟೇ. ಆ ಕಾಲದ ಅನೇಕ ನಟರು ಪಾರ್ಸಿ ರಂಗಭೂಮಿಯಿಂದ ಬಂದವರಾಗಿದ್ದು, ಕೊನೆಯ ಸಾಲಿನ ಪ್ರೇಕ್ಷಕನಿಗೂ ಕೇಳಬೇಕೆಂಬ ಅಭ್ಯಾಸದಿಂದ ಮೈಕಿನ ಮುಂದೆಯೂ ಏರುದನಿಯಲ್ಲೇ ಮಾತನಾಡುತ್ತಿದ್ದರು. ರಂಗಭೂಮಿಯ ಹಿನ್ನೆಲೆಯೇ ಇಲ್ಲದ ಅಶೋಕ್ ಕುಮಾರ್ ಅವರಿಗೆ ಮರೆಯಬೇಕಾದ ಅಭ್ಯಾಸಗಳಿರಲಿಲ್ಲ. ಮನೆಯಲ್ಲಿ ಮಾತನಾಡುವಂತೆ ಮಾತನಾಡುವ, ಎದುರಿನವರ ಮಾತನ್ನು ನಿಜವಾಗಿ ಕೇಳಿಸಿಕೊಳ್ಳುವ ನಟನೆಯನ್ನು ಅವರು ಚಿತ್ರದಿಂದ ಚಿತ್ರಕ್ಕೆ ರೂಢಿಸಿಕೊಂಡರು. ಮೊದಲ ಚಿತ್ರಗಳಲ್ಲಿ ದೇವಿಕಾ ರಾಣಿಯವರ ಎದುರು ಅವರ ಅಳುಕು ಎದ್ದು ಕಾಣುತ್ತದೆ. ಧಾರವಾಡದಲ್ಲಿ ಹುಟ್ಟಿದ ಲೀಲಾ ಚಿಟ್ನಿಸ್ ಅವರೊಡನೆ ನಟಿಸಿದ ‘ಕಂಗನ್’, ‘ಬಂಧನ್’, ‘ಝೂಲಾ’ ಚಿತ್ರಗಳ ಹೊತ್ತಿಗೆ ಆ ಅಳುಕು ಮಾಯವಾಗಿದೆ.

1943ರ ‘ಕಿಸ್ಮತ್’ ಅವರ ವೃತ್ತಿಜೀವನದ ಅತಿ ಮುಖ್ಯ ತಿರುವೆಂದು ನಾನು ಭಾವಿಸುತ್ತೇನೆ. ಜ್ಞಾನ್ ಮುಖರ್ಜಿ ನಿರ್ದೇಶಿಸಿದ ಈ ಚಿತ್ರದ ನಾಯಕ ಒಬ್ಬ ಜೇಬುಗಳ್ಳ. ಸಿಗರೇಟು ಸೇದುತ್ತಾ ನಿರಾಳವಾಗಿ ಓಡಾಡುವ ಈ ಕಳ್ಳನನ್ನು ಪ್ರೇಕ್ಷಕರು ಪ್ರೀತಿಸಿದರೆಂದರೆ, ಅದಕ್ಕೆ ಕಾರಣ ಆ ಪಾತ್ರದ ತಪ್ಪನ್ನು ಮುಚ್ಚಿಡದೆಯೂ ಅದರ ಒಳ್ಳೆಯತನವನ್ನು ಕಾಣಿಸಿದ ನಟನೆ. ಕಲ್ಕತ್ತದ ರಾಕ್ಸಿ ಚಿತ್ರಮಂದಿರದಲ್ಲಿ ಅದು ಮೂರು ವರ್ಷಕ್ಕೂ ಹೆಚ್ಚು ಕಾಲ ನಡೆಯಿತು.

ಆಮೇಲೆ ಅವರು ಫಿಲ್ಮಿಸ್ತಾನ್ ಸಂಸ್ಥೆಯ ಸ್ಥಾಪಕರಲ್ಲಿ ಒಬ್ಬರಾದರು, ಬಾಂಬೆ ಟಾಕೀಸಿಗೆ ಮರಳಿ ‘ಝಿದ್ದಿ’ಯಲ್ಲಿ ದೇವ್ ಆನಂದ್ ಅವರಿಗೆ ಅವಕಾಶ ಕೊಟ್ಟರು, ‘ಮಹಲ್’ ಚಿತ್ರದಲ್ಲಿ ಮಧುಬಾಲಾ ಅವರೆದುರು ನಟಿಸಿದರು. ವಯಸ್ಸಾದಾಗ ನಾಯಕನ ಪಟ್ಟಕ್ಕೆ ಅಂಟಿಕೊಳ್ಳದೆ ಅಣ್ಣನ, ನ್ಯಾಯಾಧೀಶನ, ತಂದೆಯ ಪಾತ್ರಗಳನ್ನು, 1967ರ ‘ಜ್ಯುವೆಲ್ ಥೀಫ್’ನಲ್ಲಿ ಖಳನ ಪಾತ್ರವನ್ನೂ ಒಪ್ಪಿಕೊಂಡರು. ಚಿತ್ರರಂಗದಲ್ಲಿ ಅವರ ದೀರ್ಘಾಯುಷ್ಯದ ಗುಟ್ಟು ಇದರಲ್ಲೇ ಇದೆ. 1988ರಲ್ಲಿ ಅವರಿಗೆ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಸಂದಿತು.

ಪ್ರಶ್ನೆ: ಹಳೆಯ ಚಿತ್ರಗಳಲ್ಲಿ ಅವರ ಹಾಡುಗಳನ್ನು ಹಾಡಿದವರು ಯಾರು?
(ಅದೇ ಓದುಗರು)

ಉತ್ತರ: ಬಹುಪಾಲು ಅವರೇ. ಹಿನ್ನೆಲೆ ಗಾಯನ ಇನ್ನೂ ಬೇರೂರದ ಆ ದಿನಗಳಲ್ಲಿ ನಟರು ಹಾಡಲೇಬೇಕಿತ್ತು. ಸಂಗೀತ ನಿರ್ದೇಶಕಿ ಸರಸ್ವತಿ ದೇವಿಯವರು ಪಳಗಿದ ಗಾಯಕರಲ್ಲದವರೂ ಹಾಡಬಹುದಾದ ಸರಳ ಮಟ್ಟುಗಳನ್ನು ಕಟ್ಟಿಕೊಡುತ್ತಿದ್ದರು. ‘ಅಛೂತ್ ಕನ್ಯಾ’ದಲ್ಲಿ ಅಶೋಕ್ ಕುಮಾರ್ ಅವರೂ ದೇವಿಕಾ ರಾಣಿಯವರೂ ಹಾಡಿದ ‘ಮೈ ಬನ್ ಕಿ ಚಿಡಿಯಾ’ ಇದಕ್ಕೆ ಚೆಂದದ ಉದಾಹರಣೆ. ‘ಕಿಸ್ಮತ್’ ಹೊತ್ತಿಗೆ ಕಾಲ ಬದಲಾಗುತ್ತಿತ್ತು. ಅನಿಲ್ ಬಿಸ್ವಾಸ್ ಸಂಗೀತದ ಆ ಚಿತ್ರದಲ್ಲಿ ನಾಯಕಿಯ ಹಾಡುಗಳಿಗೆ ದನಿಯಾದವರು ನಮ್ಮ ಬೀಳಗಿಯ ಅಮೀರ್‌ಬಾಯಿ ಕರ್ನಾಟಕಿ. ಮುಂದೆ ಗಾಯನ ವೃತ್ತಿಪರರ ಪಾಲಾಯಿತು. ಆದರೂ 1968ರ ‘ಆಶೀರ್ವಾದ್’ನಲ್ಲಿ ಮಕ್ಕಳ ನಡುವೆ ಕುಳಿತು ‘ರೇಲ್ ಗಾಡಿ’ ಹಾಡಿದವರು ಅಶೋಕ್ ಕುಮಾರ್ ಅವರೇ. ಶ್ರೇಷ್ಠ ನಟ ರಾಷ್ಟ್ರಪ್ರಶಸ್ತಿ ಅವರಿಗೆ ದೊರೆತದ್ದೂ ಆ ಚಿತ್ರಕ್ಕೇ.